ಡೇವಿ ಕ್ರಾಕೆಟ್: ದಂತಕಥೆ ಇಟ್ಟುಕೊಂಡದ್ದು, ಬಿಟ್ಟುಬಿಟ್ಟದ್ದು

2025ರ ಅಕ್ಟೋಬರ್‌ನಲ್ಲಿ ಟೆಕ್ಸಾಸ್‌ನ ಅಲಾಮೊ ಟ್ರಸ್ಟ್‌ನ ಮುಖ್ಯಸ್ಥೆ ರಾಜೀನಾಮೆ ಕೊಟ್ಟರು. ಅಲಾಮೊ ಅಂದರೆ ಸ್ಯಾನ್ ಆಂಟೋನಿಯೊ ಊರಿನ ನಟ್ಟನಡುವೆ ಇರುವ ಹಳೆಯ ಸ್ಪ್ಯಾನಿಷ್ ಮಿಷನ್, ಅಂದರೆ ಕ್ರೈಸ್ತ ಮಠ. ಆಗ ಮೆಕ್ಸಿಕೊಗೆ ಸೇರಿದ್ದ ಟೆಕ್ಸಾಸ್‌ನಲ್ಲಿ ದಂಗೆ ಎದ್ದವರು 1836ರಲ್ಲಿ ಅದನ್ನೇ ಕೋಟೆ ಮಾಡಿಕೊಂಡು ಮೆಕ್ಸಿಕನ್ ಸೇನೆಯ ಎದುರು ಕಾದಾಡಿ ಸತ್ತರು. ಆ ಜಾಗದ ಚರಿತ್ರೆಯನ್ನು ಬರೀ ಒಂದು ಕಾಳಗಕ್ಕೆ ಕಟ್ಟಿಹಾಕದೆ ಇನ್ನೂ ವಿಶಾಲವಾಗಿ ಹೇಳಬೇಕು ಎಂಬ ಧಾಟಿಯಲ್ಲಿ ಅವರು ತಮ್ಮ ಡಾಕ್ಟರೇಟ್ ಪ್ರಬಂಧದಲ್ಲಿ ಬರೆದಿದ್ದರು. ರಾಜ್ಯದ ಲೆಫ್ಟಿನೆಂಟ್ ಗವರ್ನರ್ ಡ್ಯಾನ್ ಪ್ಯಾಟ್ರಿಕ್‌ಗೆ ಅದು ಹಿಡಿಸಲಿಲ್ಲ. ಹುದ್ದೆ ಬಿಡಿ ಎಂದು ಬಹಿರಂಗವಾಗಿಯೇ ಹೇಳಿದರು. 2021ರ ಜುಲೈನಲ್ಲೂ ಇಂಥದ್ದೇ ಒಂದು ಘಟನೆ ನಡೆದಿತ್ತು. ರಾಜಧಾನಿ ಆಸ್ಟಿನ್‌ನ ಸರ್ಕಾರಿ ಮ್ಯೂಸಿಯಂನಲ್ಲಿ ಅಲಾಮೊ ಬಗ್ಗೆ ಹೊಸ ಪುಸ್ತಕವೊಂದರ ಚರ್ಚೆ ಇತ್ತು. ಶುರುವಾಗಲು ಕೆಲವೇ ಗಂಟೆ ಇದ್ದಾಗ ರದ್ದಾಯಿತು. ರದ್ದು ಮಾಡಿಸಿದ್ದು ನಾನೇ ಎಂದು ಆಗಲೂ ಪ್ಯಾಟ್ರಿಕ್ ಹೇಳಿಕೊಂಡಿದ್ದರು.

ಬೆಳಕು ಹರಿಯುವ ಹೊತ್ತಿಗೆ ಮುಗಿದುಹೋದ ಕಾಳಗ ಅದು. ಸುಮಾರು 190 ವರ್ಷದ ಮೇಲೂ ಅದರ ಬಗ್ಗೆ ಏನು ಹೇಳಬಹುದು, ಏನು ಹೇಳಬಾರದು ಅಂತ ರಾಜಕಾರಣಿಗಳು ತೀರ್ಮಾನ ಮಾಡುತ್ತಾರೆ ಅಂದರೆ, ಅದರಲ್ಲಿ ಯಾರದೋ ಬಂಡವಾಳ ಇರಲೇಬೇಕು. ಆ ಬಂಡವಾಳದ ದೊಡ್ಡ ಪಾಲು ಒಬ್ಬನ ಹೆಸರಲ್ಲಿದೆ. ಅವನು ಡೇವಿ ಕ್ರಾಕೆಟ್, ಟೆನೆಸ್ಸಿಯ ಬೇಟೆಗಾರ, ಅಮೆರಿಕದ ಸಂಸತ್ತಾದ ಕಾಂಗ್ರೆಸ್‌ನ ಸದಸ್ಯನೂ ಆಗಿದ್ದವನು.

ಟೆಕ್ಸಾಸ್ ಶಾಲೆಗಳಲ್ಲಿ 4 ಮತ್ತು 7ನೇ ತರಗತಿಯಲ್ಲಿ ರಾಜ್ಯದ ಚರಿತ್ರೆ ಕಲಿಸುತ್ತಾರೆ. ಡಲ್ಲಾಸ್, ಹ್ಯೂಸ್ಟನ್, ಆಸ್ಟಿನ್ ಕಡೆಯ ಕನ್ನಡದ ಮನೆಗಳ ಮಕ್ಕಳೂ ಇದನ್ನೇ ಓದುತ್ತಾರೆ. ಊರಿಂದ ಬಂದ ಅಜ್ಜ ಅಜ್ಜಿ ಅಲಾಮೊ ನೋಡಲು ಹೋದಾಗ, ಅಂಗಡಿಯಲ್ಲಿ ನೇತುಹಾಕಿದ ಬಾಲದ ಟೋಪಿ ನೋಡಿ "ಇದೇನೇ ಇದು?" ಅಂದರೆ ಸಾಕು, ಮೊಮ್ಮಗಳ ಬಾಯಲ್ಲಿ ಕಥೆ ಶುರು. ಬೆಟ್ಟದ ತುದಿಯಲ್ಲಿ ಹುಟ್ಟಿದ, ಮೂರು ವರ್ಷಕ್ಕೇ ಕರಡಿ ಕೊಂದ, ರಕೂನ್ ಎಂಬ ಕಾಡುಪ್ರಾಣಿಯ ಚರ್ಮದ ಟೋಪಿ ಹಾಕಿಕೊಂಡು ಕಾಡು ಸುತ್ತಿದ, ಕೊನೆಗೆ ಅಲಾಮೊದಲ್ಲಿ ಗುಂಡು ಮುಗಿದ ಮೇಲೆ ಬಂದೂಕನ್ನೇ ತಿರುಗಿಸಿ ಬಡಿಯುತ್ತಾ ಸತ್ತ.

ಈ ಕಥೆಯ ಬಹುಪಾಲು 1954ರ ಡಿಸೆಂಬರ್‌ನಿಂದ 1955ರ ಫೆಬ್ರವರಿವರೆಗೆ ಡಿಸ್ನಿ ತೋರಿಸಿದ ಟಿವಿ ಕಂತುಗಳದ್ದು, ಅದರ ಹಾಡಿನದ್ದು. ಹಾಗಂತ ಎಲ್ಲ ಟಿವಿಯವರೇ ಕಟ್ಟಿದ್ದು ಅಂತಲೂ ಅಲ್ಲ. ಇದರ ಬೇರು ಕ್ರಾಕೆಟ್ ಬದುಕಿದ್ದಾಗಲೇ ಇಳಿದಿತ್ತು, ನೀರೆರೆದವರಲ್ಲಿ ಅವನೂ ಒಬ್ಬ. ಹಾಗಾಗಿ ಇಂಥ ನಾಯಕನ ಬಗ್ಗೆ ಸುಮ್ನೆ "ನಿಜವೋ ಸುಳ್ಳೋ" ಅಂತ ಕೇಳಿದರೆ ಜಾಸ್ತಿ ಪ್ರಯೋಜನ ಇಲ್ಲ. ಈ ಮಾತು ಮೊದಲು ಕಾಗದದ ಮೇಲೆ ಬಂದದ್ದು ಯಾವಾಗ? ಅದರಿಂದ ಯಾರಿಗೆ ಲಾಭ? ಈ ಎರಡು ಪ್ರಶ್ನೆ ಹಿಡಿದು ಹೊರಟರೆ ದಾರಿ ಸಿಗುತ್ತದೆ.

ಸುಲಭದ್ದು ಮೊದಲು. ಕ್ರಾಕೆಟ್ ಹುಟ್ಟಿದ್ದು 1786ರ ಆಗಸ್ಟ್ 17ರಂದು, ಈಗಿನ ಟೆನೆಸ್ಸಿ ರಾಜ್ಯದ ಪೂರ್ವ ಭಾಗದಲ್ಲಿ, ನೋಲಿಚಕಿ ನದಿಯ ದಡದಲ್ಲಿ. ಬೆಟ್ಟದ ತುದಿ ಅಲ್ಲ, ಹೊಳೆ ದಂಡೆ. ಟೆನೆಸ್ಸಿ ರಾಜ್ಯವಾದದ್ದೇ ಅದಾಗಿ ಹತ್ತು ವರ್ಷಕ್ಕೆ. ಮೂರು ವರ್ಷದ ಮಗು ಕರಡಿ ಕೊಂದದ್ದು ಹಾಡಿನ ಪ್ರಾಸಕ್ಕೆ. ಸಹಿ ಹಾಕುವಾಗ ಅವನು ಬರೆಯುತ್ತಿದ್ದದ್ದು ಡೇವಿಡ್ ಎಂದೇ.

ಬಾಲ್ಯದ ನಿಜವಾದ ಕಥೆ ಸಾಲದ್ದು. ಅಪ್ಪ ಜಾನ್ ಕ್ರಾಕೆಟ್ ಸ್ವಾತಂತ್ರ್ಯ ಯುದ್ಧದಲ್ಲಿ ಹೋರಾಡಿದವನು, ಆದರೆ ಕೈಯಲ್ಲಿ ಕಾಸು ನಿಲ್ಲಲಿಲ್ಲ. 12 ವರ್ಷದ ಮಗನನ್ನು ದನ ಹೊಡೆದುಕೊಂಡು ವರ್ಜೀನಿಯಾಕ್ಕೆ ಹೊರಟವನ ಜೊತೆ ಕೂಲಿಗೆ ಕಳಿಸಿದ. ಮುಂದೆ ಹುಡುಗ ಶಾಲೆ ತಪ್ಪಿಸಿ, ಅಪ್ಪನ ಹೊಡೆತಕ್ಕೆ ಹೆದರಿ ಮನೆ ಬಿಟ್ಟು ಓಡಿಹೋದ. ಕೆಲವು ವರ್ಷ ಅಲೆದು ವಾಪಸು ಬಂದ. ಬಂದವನು ಮೊದಲು ಮಾಡಿದ ಕೆಲಸ ಅಪ್ಪನ 36 ಡಾಲರ್ ಸಾಲಕ್ಕೆ ಆರು ತಿಂಗಳು ದುಡಿದದ್ದು. ಆಮೇಲೆ ಇನ್ನೊಬ್ಬರ ಹತ್ತಿರ 40 ಡಾಲರ್ ಸಾಲಕ್ಕೆ ಮತ್ತೆ ಆರು ತಿಂಗಳು. ಸಾಲ ಅವನನ್ನು ಕೊನೆವರೆಗೂ ಬಿಡಲಿಲ್ಲ. 1821ರಲ್ಲಿ ಲಾರೆನ್ಸ್ ಕೌಂಟಿಯಲ್ಲಿ ಕಟ್ಟಿದ್ದ ಹಿಟ್ಟಿನ ಗಿರಣಿ, ಮದ್ದಿನ ಗಿರಣಿ, ಸಾರಾಯಿ ಭಟ್ಟಿ ಎಲ್ಲವೂ ನೆರೆಯಲ್ಲಿ ಕೊಚ್ಚಿಹೋದವು. 1826ರಲ್ಲಿ ಪೀಪಾಯಿ ಮಾಡುವ ಹಲಗೆಗಳನ್ನು ದೋಣಿಗೆ ತುಂಬಿ ಮಿಸಿಸಿಪ್ಪಿ ನದಿಯಲ್ಲಿ ಹೊರಟ. ಮೆಂಫಿಸ್ ಹತ್ತಿರ ದೋಣಿ ಮುಳುಗಿತು. ಒಳಗೆ ಸಿಕ್ಕಿಕೊಂಡಿದ್ದ ಅವನನ್ನು ಗೋಡೆಯ ಚಿಕ್ಕ ಕಿಂಡಿಯಿಂದ ಎಳೆದು ತೆಗೆಯಬೇಕಾಯಿತು. ಅಂಗಿ ಹೋಯಿತು, ಮೈ ಚರ್ಮ ಸುಲಿಯಿತು, ಜೀವ ಉಳಿಯಿತು. ಹಲಗೆಯೆಲ್ಲ ನದಿ ಪಾಲು. ಟಿವಿಯ ಕ್ರಾಕೆಟ್‌ಗೆ ಇಂಥ ಗತಿ ಯಾವತ್ತೂ ಬರಲಿಲ್ಲ, ಅಲ್ವಾ?

ಕರಡಿ ವಿಷಯದಲ್ಲಿ ಮಾತ್ರ ಸ್ವಲ್ಪ ಗೌರವ ಕೊಡಬೇಕು. 1825–26ರಲ್ಲಿ ವರ್ಷ ತುಂಬುವ ಮೊದಲೇ 105 ಕರಡಿ ಹೊಡೆದೆ ಎಂದು ಆತ್ಮಕಥೆಯಲ್ಲಿ ಬರೆದುಕೊಂಡಿದ್ದಾನೆ. ಎಣಿಸಿದವರು ಯಾರೂ ಇಲ್ಲ. ಆದರೆ ವಾಯವ್ಯ ಟೆನೆಸ್ಸಿಯ ಓಬಿಯನ್ ನದಿ ಸುತ್ತಲಿನ ಕಾಡು ಆಗ ನಿಜಕ್ಕೂ ಕರಡಿಗಳ ಸೀಮೆ. 1811–12ರ ಭೂಕಂಪಗಳಲ್ಲಿ ನೆಲ ಬಿರಿದು, ಮರ ಉರುಳಿ, ಜನ ಓಡಾಡಲು ಹಿಂಜರಿಯುತ್ತಿದ್ದ ಜಾಗ. ಅಂಥ ಒಂದು ಬಿರುಕಿಗೆ ಕತ್ತಲಲ್ಲಿ ಇಳಿದು, ತಡಕಾಡಿ, ಕರಡಿಯನ್ನು ಚಾಕುವಿನಿಂದ ತಿವಿದ ಕಥೆಯನ್ನು ಅವನು ಹೇಳುತ್ತಾನೆ. ಬಿರುಕು ಅಲ್ಲಿದ್ದದ್ದು ನಿಜ, ಕರಡಿ ಇದ್ದದ್ದೂ ನಿಜ. 105 ಅನ್ನುವ ಲೆಕ್ಕವನ್ನು ಬೇಟೆಗಾರರ ಲೆಕ್ಕ ಅಂದುಕೊಂಡು ಓದಿದರೆ ಆಯಿತು.

ಟೋಪಿ ಎಲ್ಲಿಂದ ಬಂತು?

ಈ ಟೋಪಿಯ ಹಾದಿ ಹಿಡಿದರೆ ದಂತಕಥೆ ಹೇಗೆ ತಯಾರಾಗುತ್ತದೆ ಅನ್ನುವುದು ಕಣ್ಣಿಗೆ ಕಟ್ಟುತ್ತದೆ.

1831ರಲ್ಲಿ ನ್ಯೂಯಾರ್ಕ್‌ನಲ್ಲಿ ಒಂದು ಹಾಸ್ಯ ನಾಟಕ ಬಂತು. ಅದರಲ್ಲಿ ಕೆಂಟಕಿಯ ಕರ್ನಲ್ ನಿಮ್ರಾಡ್ ವೈಲ್ಡ್‌ಫೈರ್ ಎಂಬ ಪಾತ್ರ. ಕಾಡಿನಿಂದ ಕಾಂಗ್ರೆಸ್‌ಗೆ ಬಂದವನು, ದೊಡ್ಡ ಬಾಯಿ, ತಲೆ ಮೇಲೆ ಕಾಡುಬೆಕ್ಕಿನ ಚರ್ಮದ ಟೋಪಿ. ಜೇಮ್ಸ್ ಹ್ಯಾಕೆಟ್ ಎಂಬ ನಟ ಆ ಪಾತ್ರ ಮಾಡುತ್ತಿದ್ದ. ಇದು ಕ್ರಾಕೆಟ್ ಅಲ್ಲ ಎಂದು ನಾಟಕ ಬರೆದವನು ಎಷ್ಟು ಹೇಳಿದರೂ ನೋಡುವವರು ಕೇಳಲಿಲ್ಲ. 1833ರ ಡಿಸೆಂಬರ್‌ನಲ್ಲಿ ವಾಷಿಂಗ್ಟನ್‌ನಲ್ಲಿ ಅದೇ ನಾಟಕ ಆಡಿದಾಗ ಕ್ರಾಕೆಟ್ ಮುಂದಿನ ಸಾಲಿನಲ್ಲಿ ಬಂದು ಕೂತ. ಹ್ಯಾಕೆಟ್ ರಂಗದ ಮೇಲಿಂದ ಅವನಿಗೆ ಬಾಗಿ ನಮಸ್ಕರಿಸಿದ. ಕ್ರಾಕೆಟ್ ಎದ್ದುನಿಂತು ಪ್ರತಿನಮಸ್ಕಾರ ಮಾಡಿದ. ಸಭೆಯಲ್ಲಿ ಚಪ್ಪಾಳೆಯೋ ಚಪ್ಪಾಳೆ. ನಾನಲ್ಲ ಅನ್ನಬಹುದಿತ್ತು. ಅನ್ನಲಿಲ್ಲ.

ಮರುವರ್ಷ, 1834ರಲ್ಲಿ, ಜಾನ್ ಗ್ಯಾಡ್ಸ್‌ಬಿ ಚಾಪ್‌ಮನ್ ಎಂಬ ಚಿತ್ರಕಾರ ಅವನ ಚಿತ್ರ ಬರೆಯಲು ಕೂತ. ಬೇರೆಯವರು ಬರೆದ ಚಿತ್ರಗಳಲ್ಲಿ ತಾನು ಅರ್ಧ ಕಾಂಗ್ರೆಸ್ ಸದಸ್ಯ, ಅರ್ಧ ಪಾದ್ರಿ ಥರ ಕಾಣುತ್ತೇನೆ ಎಂದು ಕ್ರಾಕೆಟ್‌ಗೆ ಬೇಸರ. ತನ್ನನ್ನು ಬೇಟೆಗಾರನಾಗಿಯೇ ಬರೆಯಬೇಕು ಎಂದ. ಸಮಸ್ಯೆ ಏನೆಂದರೆ ವಾಷಿಂಗ್ಟನ್‌ನಲ್ಲಿ ಅವನ ಹತ್ತಿರ ಬೇಟೆಯ ಸಾಮಾನು ಒಂದೂ ಇರಲಿಲ್ಲ. ಆಗ ಹುಡುಕಾಟ ಶುರುವಾಯಿತು. ಎಲ್ಲಿಂದಲೋ ಹಳೆಯ ಬೇಟೆ ಅಂಗಿ, ಎಲ್ಲಿಂದಲೋ ಸವೆದ ಬಂದೂಕು, ಕೈಕೊಡಲಿ. ಬೇಟೆನಾಯಿ ಬೇಕಲ್ಲ, ಬೀದಿಯ ನಾಯಿಗಳೇ ಬಂದವು. ಹೊಸದಾಗಿ, ಚೆಂದವಾಗಿ ಕಾಣುವ ಸಾಮಾನನ್ನು ಕ್ರಾಕೆಟ್ ಒಪ್ಪುತ್ತಿರಲಿಲ್ಲ. ಇಷ್ಟೆಲ್ಲ ಜೋಡಿಸಿಕೊಂಡು ನಿಂತವನ ಕೈಯಲ್ಲಿ ಮೇಲೆತ್ತಿ ಹಿಡಿದ ಟೋಪಿ ಯಾವುದು ಗೊತ್ತಾ? ಅಗಲ ಅಂಚಿನ ಸಾಧಾರಣ ಟೋಪಿ. ತಾನೇ ಮುಂದೆ ನಿಂತು ವೇಷ ಕಟ್ಟಿಸಿಕೊಂಡಾಗಲೂ ರಕೂನ್ ಬಾಲ ಅವನ ತಲೆಗೆ ಬರಲಿಲ್ಲ.

ಬಂದದ್ದು ಸತ್ತ ಮೇಲೆ. 1835ರಿಂದ ಕ್ರಾಕೆಟ್ ಹೆಸರಲ್ಲಿ ವರ್ಷ ವರ್ಷ ಪಂಚಾಂಗದಂಥ ಅಗ್ಗದ ಪುಸ್ತಕಗಳು ಬರತೊಡಗಿದವು. 1837ರದ್ದರ ಮುಖಪುಟದಲ್ಲಿ ಕಾಡುಬೆಕ್ಕಿನ ಟೋಪಿಯ ಮನುಷ್ಯ. ಆ ಚಿತ್ರ ನಟ ಹ್ಯಾಕೆಟ್‌ನ ವೈಲ್ಡ್‌ಫೈರ್ ವೇಷದ್ದು, ಕೆಳಗಿನ ಹೆಸರು ಕ್ರಾಕೆಟ್‌ನದ್ದು. ಒಳಗೆ ಅವನು ಮೊಸಳೆ ಸವಾರಿ ಮಾಡುತ್ತಾನೆ, ಹೆಪ್ಪುಗಟ್ಟಿ ನಿಂತುಹೋದ ಸೂರ್ಯನಿಗೆ ಕರಡಿ ಕೊಬ್ಬು ಸುರಿದು ಮತ್ತೆ ತಿರುಗುವಂತೆ ಮಾಡುತ್ತಾನೆ. ಅವನು ಹೋಗಿ 20 ವರ್ಷವಾದರೂ ಆ ಪುಸ್ತಕಗಳು ಬರುತ್ತಲೇ ಇದ್ದವು. ಅಲಾಮೊದಲ್ಲಿ ಬದುಕುಳಿದ ಸುಸಾನಾ ಡಿಕಿನ್ಸನ್, ಕ್ರಾಕೆಟ್‌ನ ಹೆಣದ ಪಕ್ಕ ಅವನ ವಿಚಿತ್ರ ಟೋಪಿ ಬಿದ್ದಿತ್ತು ಎಂದದ್ದು ಉಂಟು. ಆದರೆ ಆ ಮಾತು ಅಚ್ಚಾದದ್ದು 1870ರ ದಶಕದಲ್ಲಿ, ಟೋಪಿ ಇಲ್ಲದ ಕ್ರಾಕೆಟ್‌ನನ್ನು ಯಾರೂ ಊಹಿಸಿಕೊಳ್ಳಲಾಗದ ಕಾಲಕ್ಕೆ. ಅವನು ಯಾವತ್ತಾದರೂ ಚರ್ಮದ ಟೋಪಿ ಹಾಕಿರಬಹುದು. ಚಳಿಗೆ ಬೇಟೆಗಾರರು ಹಾಕುತ್ತಿದ್ದರು. ಅದೇ ಅವನ ಗುರುತು ಅನ್ನುವುದು ಮಾತ್ರ ರಂಗಭೂಮಿಯ ಕೊಡುಗೆ.

ಆತ್ಮಕಥೆಯ ಕಥೆಯೂ ಹೀಗೇ. 1833ರಲ್ಲಿ ಅವನ ಬಗ್ಗೆ ಯಾರೋ ಬರೆದ ಪುಸ್ತಕ ಚೆನ್ನಾಗಿ ಮಾರಾಟವಾಯಿತು, ಅವನಿಗೆ ಕಾಸು ಬರಲಿಲ್ಲ. ಸಾಲಗಾರನಿಗೆ ಇದು ಹೊಟ್ಟೆ ಉರಿಯುವ ವಿಷಯವೇ. 1834ರಲ್ಲಿ ತಾನೇ ಬರೆದ. ಕೆಂಟಕಿಯ ಕಾಂಗ್ರೆಸ್ ಸದಸ್ಯ ಥಾಮಸ್ ಚಿಲ್ಟನ್ ತಿದ್ದಿ ಜೋಡಿಸಿದ, ತನ್ನ ಪಾಲಿನ ಲಾಭದಲ್ಲಿ ಅವನಿಗೂ ಅರ್ಧ ಎಂದು ಕ್ರಾಕೆಟ್ ಪ್ರಕಾಶಕರಿಗೆ ತಿಳಿಸಿದ. ಜೀವಮಾನದಲ್ಲಿ ಸುಮಾರು ನೂರು ದಿನ ಶಾಲೆ ಕಂಡವನ ಪುಸ್ತಕ ಅದು. ಬಡಾಯಿ ಇದೆ, ರಾಜಕೀಯ ಇದೆ, ಆದರೂ ಅವನ ಬಗ್ಗೆ ನಮಗಿರುವ ಒಳ್ಳೆಯ ಆಧಾರ ಅದೇ. ತನಗೆ ಮುಜುಗರ ತರುವ ವಿಷಯವನ್ನೂ ಅವನು ಅದರಲ್ಲಿ ಬಿಟ್ಟಿಲ್ಲ.

ಮುಜುಗರದ ಪುಟಗಳು

1813ರಲ್ಲಿ ಕ್ರೀಕ್ ಮೂಲನಿವಾಸಿಗಳ ಒಂದು ಬಣ ಅಲಬಾಮಾದ ಫೋರ್ಟ್ ಮಿಮ್ಸ್ ಮೇಲೆ ದಾಳಿ ಮಾಡಿ ಬಿಳಿಯ ವಲಸಿಗರು ಸೇರಿ ನೂರಾರು ಜನರನ್ನು ಕೊಂದಿತು. ಸೇಡಿಗೆ ಹೊರಟ ಟೆನೆಸ್ಸಿ ಪಡೆಯಲ್ಲಿ ಕ್ರಾಕೆಟ್ ಇದ್ದ. ನವೆಂಬರ್ 3ರಂದು ಟಲ್ಲುಶಾಚಿ ಎಂಬ ಕ್ರೀಕ್ ಹಳ್ಳಿಯನ್ನು ಅವರು ಸುತ್ತುವರಿದರು. 46 ಯೋಧರು ಒಂದು ಮನೆಯೊಳಗೆ ಓಡಿದ್ದನ್ನು ತಾನು ಎಣಿಸಿದೆ ಎಂದು ಅವನು ಬರೆಯುತ್ತಾನೆ. ಬಾಗಿಲಲ್ಲಿ ಕೂತ ಹೆಂಗಸೊಬ್ಬಳು ಕಾಲಿನಿಂದ ಬಿಲ್ಲು ಬಗ್ಗಿಸಿ ಬಾಣ ಬಿಟ್ಟಳು, ಒಬ್ಬ ಸೈನಿಕ ಸತ್ತ. ಆಮೇಲೆ ಅವರನ್ನು ನಾಯಿಗಳ ಹಾಗೆ ಹೊಡೆದೆವು, ಮನೆಗೆ ಬೆಂಕಿ ಇಟ್ಟೆವು, 46 ಜನರೂ ಒಳಗೇ ಸುಟ್ಟುಹೋದರು ಎನ್ನುವುದು ಅವನದೇ ಮಾತು. ಮಾರನೇ ದಿನ ಹಸಿದ ಸೈನಿಕರಿಗೆ ಆ ಮನೆಯ ನೆಲಮಾಳಿಗೆಯಲ್ಲಿ ಆಲೂಗಡ್ಡೆ ಸಿಕ್ಕಿತು. ಸುಟ್ಟ ಹೆಣಗಳ ಕೊಬ್ಬು ಇಳಿದು ಬೆಂದ ಆಲೂಗಡ್ಡೆ. ತಿನ್ನಲೇಬೇಕಾಯಿತು, ತಿಂದೆವು. ಆ ದಿನ ಸತ್ತ ಕ್ರೀಕ್ ಜನ 186 ಎಂದು ಸೇನೆಯ ಲೆಕ್ಕ. ಟೆನೆಸ್ಸಿ ಪಡೆಯಲ್ಲಿ ಸತ್ತವರು 5 ಜನ.

ಈ ಪುಟವನ್ನು ಯಾರೂ ಮಕ್ಕಳ ಪುಸ್ತಕಕ್ಕೆ ತರಲಿಲ್ಲ. ಅದು ಅರ್ಥವಾಗುತ್ತದೆ. ಆದರೆ ಇದರ ಎದುರು ಇನ್ನೊಂದು ಪುಟ ಇದೆ, ಅದನ್ನೂ ತರಲಿಲ್ಲ.

1830ರಲ್ಲಿ ಅಧ್ಯಕ್ಷ ಆಂಡ್ರ್ಯೂ ಜಾಕ್ಸನ್, ಮಿಸಿಸಿಪ್ಪಿಯ ಪೂರ್ವದಲ್ಲಿದ್ದ ಮೂಲನಿವಾಸಿಗಳನ್ನು ನದಿಯ ಆಚೆ ಸಾಗಿಸುವ ಮಸೂದೆ ತಂದರು. ಜಾಕ್ಸನ್ ಟೆನೆಸ್ಸಿಯವರೇ, ಆ ರಾಜ್ಯದಲ್ಲಿ ದೇವರಂತೆ. ಕ್ರಾಕೆಟ್ 1827ರಲ್ಲಿ ಕಾಂಗ್ರೆಸ್‌ಗೆ ಗೆದ್ದು ಬಂದದ್ದೂ ಅವರ ಕಡೆಯವನಾಗಿಯೇ. ಅವನ ಅಜ್ಜ ಅಜ್ಜಿಯನ್ನು 1777ರಲ್ಲಿ ಕೊಂದದ್ದು ಮೂಲನಿವಾಸಿ ಯೋಧರು. ಅವನ ಕ್ಷೇತ್ರದ ಜನಕ್ಕೆ ಬೇಕಾದದ್ದು ಭೂಮಿ. ಯಾವ ಕಡೆಯಿಂದ ನೋಡಿದರೂ ಅವನು ಕೈ ಎತ್ತಬೇಕಿತ್ತು. ಎತ್ತಲಿಲ್ಲ. ಮೇ 26ರಂದು ಕೆಳಮನೆಯಲ್ಲಿ 102–97ರಲ್ಲಿ ಮಸೂದೆ ಪಾಸಾದಾಗ, ವಿರುದ್ಧ ಮತ ಹಾಕಿದ ಟೆನೆಸ್ಸಿಯ ಒಬ್ಬನೇ ಸದಸ್ಯ ಕ್ರಾಕೆಟ್. ಇದು ದುಷ್ಟ, ಅನ್ಯಾಯದ ಕೆಲಸ ಅನ್ನಿಸಿತು, ನನಗೆ ಏನೇ ನಷ್ಟವಾದರೂ ಸರಿ ಎಂದು ವಿರೋಧಿಸಿದೆ ಎಂದು ಆಮೇಲೆ ಬರೆದ. ನಷ್ಟವೂ ಆಯಿತು. 1831ರಲ್ಲಿ ಸೋತ.

ಈ ಮತ ಕಾಂಗ್ರೆಸ್‌ನ ದಾಖಲೆಯಲ್ಲಿದೆ, ಯಾರು ಬೇಕಾದರೂ ನೋಡಬಹುದು. ಅಲಾಮೊದಲ್ಲಿ ಬಂದೂಕು ತಿರುಗಿಸಿ ಬಡಿದದ್ದಕ್ಕೆ ಅಂಥ ದಾಖಲೆ ಇಲ್ಲ. ಆದರೂ ಜನರ ಮನಸ್ಸಲ್ಲಿ ಉಳಿದದ್ದು ಬಂದೂಕು. ಯಾಕೆ? ಆ ಮತ ಯಾರಿಗೂ ಪೂರ್ತಿ ಒಗ್ಗುವುದಿಲ್ಲ. ಗಡಿಸೀಮೆಯ ವೀರ ಬೇಕಾದವರಿಗೆ ಅದು ಇರಿಸುಮುರಿಸು. ಗಡಿಸೀಮೆಯನ್ನು ಖಂಡಿಸುವವರಿಗೆ ಟಲ್ಲುಶಾಚಿಯ ಕ್ರಾಕೆಟ್ ಸಾಕು, 1830ರವನು ಕೈಗೆ ಸಿಗದೆ ಜಾರುತ್ತಾನೆ. ಆ ಮತದ ಹಿಂದೆ ಜಾಕ್ಸನ್ ಮೇಲಿನ ಸಿಟ್ಟೂ ಇತ್ತು ಅನ್ನುವವರಿದ್ದಾರೆ. ಇರಬಹುದು. ಟೆನೆಸ್ಸಿಯ ಖಾಲಿ ಸರ್ಕಾರಿ ಭೂಮಿಯನ್ನು ಅಲ್ಲಿ ಉಳುತ್ತಿದ್ದ ಬಡವರಿಗೇ ಕೊಡಬೇಕು ಎಂದು ಅವನು ಹಟ ಹಿಡಿದಿದ್ದ, ಅದಕ್ಕೆ ಜಾಕ್ಸನ್ ಗುಂಪು ಅಡ್ಡ ನಿಂತಿತ್ತು. ಆದರೆ ಸಿಟ್ಟು ತೀರಿಸಿಕೊಳ್ಳಲು ಇದಕ್ಕಿಂತ ಅಗ್ಗದ ದಾರಿ ಬೇಕಾದಷ್ಟು ಇದ್ದವು.

ಆ ಭೂಮಿ ಮಸೂದೆ ಅವನ ಕಾಲದಲ್ಲಿ ಪಾಸಾಗಲೇ ಇಲ್ಲ. 1833ರಲ್ಲಿ 173 ಮತಗಳಿಂದ ಮತ್ತೆ ಗೆದ್ದ. ಅಷ್ಟರಲ್ಲಿ ಜಾಕ್ಸನ್ ವಿರೋಧಿ ವಿಗ್ ಪಕ್ಷಕ್ಕೆ ಕಾಡಿನವನೊಬ್ಬ ಬೇಕಾಗಿದ್ದ. 1834ರಲ್ಲಿ ಕಾಂಗ್ರೆಸ್ ನಡೆಯುತ್ತಿರುವಾಗಲೇ ಅವನನ್ನು ಫಿಲಡೆಲ್ಫಿಯಾ, ನ್ಯೂಯಾರ್ಕ್, ಬಾಸ್ಟನ್ ಅಂತ ಮೆರವಣಿಗೆಯ ಆನೆ ಥರ ಸುತ್ತಿಸಿದರು. ಫಿಲಡೆಲ್ಫಿಯಾದವರು ಚೆಂದದ ಬಂದೂಕು ಉಡುಗೊರೆ ಕೊಟ್ಟರು. ಕ್ಷೇತ್ರದ ಜನ ಮಾತ್ರ ನಮ್ಮ ಭೂಮಿ ಏನಾಯಿತು ಎಂದು ಕೇಳಿದರು. 1835ರಲ್ಲಿ ಮರದ ಕಾಲಿನ ವಕೀಲ ಆಡಮ್ ಹಂಟ್ಸ್‌ಮನ್ ಎದುರು 252 ಮತಗಳಿಂದ ಸೋತ.

ಇನ್ನೊಂದು ವಿಷಯ ಇಲ್ಲೇ ಹೇಳಿಬಿಡುತ್ತೇನೆ, ಯಾಕೆಂದರೆ ಅದು ಇವತ್ತಿಗೂ ಫಾರ್ವರ್ಡ್ ಆಗಿ ಓಡಾಡುತ್ತಿದೆ. ಕ್ರಾಕೆಟ್ ಒಮ್ಮೆ ಬೆಂಕಿ ಬಿದ್ದು ಮನೆ ಕಳಕೊಂಡವರಿಗೆ ಸರ್ಕಾರದಿಂದ 20,000 ಡಾಲರ್ ಕೊಡಲು ಮತ ಹಾಕಿದನಂತೆ. ಹೊರೇಷಿಯೊ ಬನ್ಸ್ ಎಂಬ ರೈತ, ಆ ದುಡ್ಡು ನಿನ್ನದಲ್ಲ, ಕೊಡಲು ನೀನು ಯಾರು ಎಂದನಂತೆ. ಕ್ರಾಕೆಟ್‌ಗೆ ಜ್ಞಾನೋದಯ ಆಯಿತಂತೆ. ಸರ್ಕಾರದ ಖರ್ಚು ಕಡಿಮೆ ಆಗಬೇಕು ಅನ್ನುವ ಗುಂಪುಗಳಿಗೆ ಇದು ಅಚ್ಚುಮೆಚ್ಚು. ಕಥೆ ಮೊದಲು ಅಚ್ಚಾದದ್ದು 1867ರಲ್ಲಿ ಒಂದು ಮಾಸಪತ್ರಿಕೆಯಲ್ಲಿ, ಕ್ರಾಕೆಟ್ ಸತ್ತು 31 ವರ್ಷಕ್ಕೆ. ಬೆಂಕಿ ಬಿದ್ದದ್ದು, 20,000 ಡಾಲರ್ ಕೊಟ್ಟದ್ದು ನಿಜವೇ, ಅಲೆಕ್ಸಾಂಡ್ರಿಯಾ ಪಟ್ಟಣಕ್ಕೆ, 1827ರ ಜನವರಿಯಲ್ಲಿ. ಆಗ ಕ್ರಾಕೆಟ್ ಇನ್ನೂ ಕಾಂಗ್ರೆಸ್‌ಗೆ ಆಯ್ಕೆಯೇ ಆಗಿರಲಿಲ್ಲ. ಇದರಲ್ಲಿ ಒಂದು ಎಳೆ ಮಾತ್ರ ಗಟ್ಟಿ. 1828ರಲ್ಲಿ ತೀರಿಕೊಂಡ ಜನರಲ್ ಬ್ರೌನ್ ಅವರ ಹೆಂಡತಿಗೆ ಸರ್ಕಾರಿ ಹಣ ಕೊಡುವುದನ್ನು ಅವನು ವಿರೋಧಿಸಿದ್ದ, ಬೇಕಾದರೆ ನನ್ನ ಕೈಯಿಂದ ಕೊಡುತ್ತೇನೆ ಎಂದಿದ್ದ. ಆ ಎಳೆಗೆ ಉಳಿದದ್ದೆಲ್ಲ ನೇಯ್ದವರು ಬೇರೆ.

ಎರಡು ಡೈರಿ

ಸೋತ ಮೇಲೆ ಟೆಕ್ಸಾಸ್. ನೀವೆಲ್ಲ ನರಕಕ್ಕೆ ಹೋಗಿ, ನಾನು ಟೆಕ್ಸಾಸ್‌ಗೆ ಹೋಗ್ತೀನಿ ಎಂದು ಅವನು ಹೇಳಿದ್ದನ್ನು 1836ರ ಪತ್ರಿಕೆಗಳೇ ಅಚ್ಚು ಹಾಕಿವೆ, ಅದನ್ನು ನಂಬಬಹುದು. ಆದರೆ ಅವನು ಹೊರಟದ್ದು ಯುದ್ಧಕ್ಕಲ್ಲ. 1835ರ ನವೆಂಬರ್‌ನಲ್ಲಿ ನಾಲ್ವರು ಗಂಡಸರು ಕುದುರೆ ಹತ್ತಿದ್ದು ಭೂಮಿ ನೋಡಿಕೊಂಡು ಬರಲು. 1836ರ ಜನವರಿ 9ರಂದು ಮಗಳಿಗೂ ಅಳಿಯನಿಗೂ ಬರೆದ ಕಾಗದ ಉಳಿದಿದೆ. ತುಂಬಾ ಖುಷಿಯ ಕಾಗದ. ಇಲ್ಲಿನ ಭೂಮಿಯಂಥದ್ದು ಎಲ್ಲೂ ಇಲ್ಲ, ಪ್ರತಿಯೊಬ್ಬನಿಗೂ 4,438 ಎಕರೆ ಸಿಗುತ್ತದೆ, ಹೊಸ ಸಂವಿಧಾನ ಸಭೆಗೆ ಆಯ್ಕೆಯಾಗುವ ಆಸೆ ಇದೆ, ನನ್ನ ಬಗ್ಗೆ ಚಿಂತೆ ಬೇಡ, ಗೆಳೆಯರ ನಡುವೆ ಇದ್ದೇನೆ. ಸಾಯಲು ಹೊರಟವನ ಮಾತಲ್ಲ ಇದು. ಟೆಕ್ಸಾಸ್ ದಂಗೆಕೋರರ ಸೈನ್ಯ ಸೇರಿದ್ದೂ ಈ ಲೆಕ್ಕಾಚಾರದ ಭಾಗವೇ. ಪ್ರಮಾಣ ಮಾಡುವಾಗ ಮಾತ್ರ ಒಂದು ತಕರಾರು ತೆಗೆದ. ಮುಂದೆ ಬರುವ ಯಾವುದೇ ಸರ್ಕಾರಕ್ಕೆ ನಿಷ್ಠೆ ಎಂದು ಬರೆದಿದ್ದ ಕಡೆ, ಗಣರಾಜ್ಯ ಸರ್ಕಾರ ಎಂದು ತಿದ್ದಿಸಿದ ಮೇಲೆಯೇ ಸಹಿ ಹಾಕಿದ.

ಫೆಬ್ರವರಿ ಮೊದಲ ವಾರ ಕಳೆದ ಮೇಲೆ ಸ್ಯಾನ್ ಆಂಟೋನಿಯೊ ಸೇರಿದ. 23ಕ್ಕೆ ಮೆಕ್ಸಿಕೊದ ಅಧ್ಯಕ್ಷ, ಸೇನಾಪತಿ ಸಾಂಟಾ ಆನಾನ ಪಡೆ ಬಂತು. 13 ದಿನದ ಮುತ್ತಿಗೆ. ಮಾರ್ಚ್ 6ರ ನಸುಕಿನಲ್ಲಿ ಒಳಗಿದ್ದ ಸುಮಾರು 200 ಜನರ ಕಥೆ ಮುಗಿಯಿತು. ಹೆಣಗಳನ್ನು ರಾಶಿ ಹಾಕಿ ಸುಟ್ಟರು.

ಅದೇ ವರ್ಷ ಬೇಸಿಗೆಯಲ್ಲಿ ಫಿಲಡೆಲ್ಫಿಯಾದಲ್ಲಿ ಒಂದು ಪುಸ್ತಕ ಬಂತು. ಕ್ರಾಕೆಟ್‌ನ ಟೆಕ್ಸಾಸ್ ಡೈರಿಯಂತೆ. ಅಲಾಮೊದಲ್ಲಿ ಮೆಕ್ಸಿಕನ್ ಜನರಲ್ ಒಬ್ಬನ ಕೈಗೆ ಸಿಕ್ಕಿ, ಮುಂದಿನ ಯುದ್ಧದಲ್ಲಿ ಅವನು ಸತ್ತಾಗ ವಾಪಸು ದೊರೆಯಿತಂತೆ. ಕೊನೆಯ ಬರಹ ಮಾರ್ಚ್ 5ರದ್ದು, ಗುಂಡಿನ ಸದ್ದು ಕೇಳುತ್ತಿದೆ, ಬರೆಯಲು ಪುರುಸೊತ್ತಿಲ್ಲ ಎಂಬ ಅರ್ಥದ್ದು. ಜನ ಮುಗಿಬಿದ್ದು ಕೊಂಡರು. ಬರೆದವನು ರಿಚರ್ಡ್ ಪೆನ್ ಸ್ಮಿತ್ ಎಂಬ ನಾಟಕಕಾರ. ಪ್ರಕಾಶಕರ ಹತ್ತಿರ ಕ್ರಾಕೆಟ್ ಹೆಸರಿನ ಹಳೆಯ ಪುಸ್ತಕ ಮಾರಾಟವಾಗದೆ ಉಳಿದಿತ್ತು, ಹೊಸದೊಂದು ಬಂದರೆ ಅದೂ ಹೋದೀತು ಅನ್ನುವ ಲೆಕ್ಕ. ಸ್ಮಿತ್ ಟೆಕ್ಸಾಸ್‌ಗೆ ಕಾಲಿಡದೆ ಅವಸರದಲ್ಲಿ ಬರೆದು ಕೊಟ್ಟ. ಗುಟ್ಟು ಹೊರಬಿದ್ದದ್ದು 1880ರ ದಶಕದಲ್ಲಿ. ಅಲ್ಲಿವರೆಗೂ, ಅದರ ನಂತರವೂ, ಎಷ್ಟೋ ಪುಸ್ತಕಗಳು ಅದನ್ನು ಕ್ರಾಕೆಟ್‌ನ ಮಾತು ಎಂದೇ ಎತ್ತಿ ಬರೆದವು.

ಈಗ ಇನ್ನೊಂದು ಡೈರಿ. ಹೊಸೆ ಎನ್ರಿಕೆ ದೆ ಲಾ ಪೇನ್ಯಾ ಎಂಬ ಮೆಕ್ಸಿಕನ್ ಅಧಿಕಾರಿ ಆ ದಾಳಿಯಲ್ಲಿದ್ದ. ಅವನ ಬರಹ 1955ರಲ್ಲಿ ಮೆಕ್ಸಿಕೊದಲ್ಲಿ ಅಚ್ಚಾಯಿತು, ಅಮೆರಿಕದ ಮಕ್ಕಳು ಬಾಲದ ಟೋಪಿ ಕೊಳ್ಳುತ್ತಿದ್ದ ಅದೇ ವರ್ಷ. ಕಾರ್ಮೆನ್ ಪೆರ್ರಿ ಅವರ ಇಂಗ್ಲಿಷ್ ಅನುವಾದ 1975ರಲ್ಲಿ ಬಂತು. ಕಾಳಗ ಮುಗಿದ ಮೇಲೆ ಏಳು ಜನ ಜೀವಂತ ಸಿಕ್ಕರು, ಅವರಲ್ಲಿ ಹೆಸರಾಂತ ಡೇವಿಡ್ ಕ್ರಾಕೆಟ್ ಇದ್ದ, ಜನರಲ್ ಕ್ಯಾಸ್ಟ್ರಿಯೋನ್ ಅವರನ್ನು ಉಳಿಸಲು ನೋಡಿದ, ಸಾಂಟಾ ಆನಾ ಸಿಡುಕಿ ಕೊಲ್ಲಿಸಿದ ಎಂದು ಅದರಲ್ಲಿದೆ. ಗೊಣಗದೆ, ಕೊಂದವರ ಮುಂದೆ ತಲೆ ತಗ್ಗಿಸದೆ ಸತ್ತರು ಎಂದೂ ಅವನೇ ಬರೆಯುತ್ತಾನೆ. ಶತ್ರುವಿನ ಬಾಯಲ್ಲಿ ಇದಕ್ಕಿಂತ ದೊಡ್ಡ ಹೊಗಳಿಕೆ ಇನ್ನೇನು ಬೇಕು? ಆದರೂ ಪೆರ್ರಿ ಅವರಿಗೆ ಬೈಗುಳದ ಪತ್ರಗಳು, ಫೋನ್‌ಗಳು ಬಂದವು. ಹಸ್ತಪ್ರತಿಯೇ ನಕಲಿ ಎಂದು 1990ರ ದಶಕದಲ್ಲಿ ಬಿಲ್ ಗ್ರೋನ್‌ಮನ್ ವಾದಿಸಿದರು, ಇತಿಹಾಸಕಾರ ಜೇಮ್ಸ್ ಕ್ರಿಸ್ಪ್ ಅಲ್ಲ ಎಂದರು. 1998ರ ಹರಾಜಿನಲ್ಲಿ ಅದು 3,87,500 ಡಾಲರ್‌ಗೆ ಹೋಗಿ, ಕೊಂಡವರ ಕೊಡುಗೆಯಾಗಿ ಆಸ್ಟಿನ್‌ನ ಟೆಕ್ಸಾಸ್ ವಿಶ್ವವಿದ್ಯಾಲಯ ಸೇರಿತು. ಪರೀಕ್ಷೆ ಮಾಡಿದಾಗ ಕಾಗದ ಆ ಕಾಲದ್ದೇ ಎಂದು ಕಂಡಿತು.

ನಕಲಿ ಡೈರಿಯನ್ನು ಎರಡು ತಲೆಮಾರು ಪ್ರಶ್ನೆ ಮಾಡದೆ ನಂಬಿತು. ಅಸಲಿ ಅನ್ನಬಹುದಾದ ಡೈರಿಯನ್ನು ಬೈದು ಓಡಿಸಲು ನೋಡಿದರು. ಎರಡರ ನಡುವಿನ ವ್ಯತ್ಯಾಸ ಆಧಾರದ್ದಲ್ಲ, ಹೀರೋ ಹೇಗೆ ಸಾಯಬೇಕು ಅನ್ನುವ ಆಸೆಯದ್ದು.

ಹಾಗಂತ ಪೇನ್ಯಾ ಬರೆದದ್ದೆಲ್ಲ ನಿಜ ಅನ್ನಲೂ ಆಗದು. ಕಾಗದ ಹಳೆಯದಾದ ಮಾತ್ರಕ್ಕೆ ಅದರ ಮೇಲಿನ ಮಾತು ಸರಿಯಾಗಬೇಕಿಲ್ಲ. ಅವನ ಕ್ರಾಕೆಟ್ ನಿಸರ್ಗ ನೋಡಲು ಬಂದು, ಯುದ್ಧದಲ್ಲಿ ಸಿಕ್ಕಿಕೊಂಡು, ಭಯಕ್ಕೆ ಅಲಾಮೊ ಸೇರಿದವನು. ಇದು ನಮಗೆ ಗೊತ್ತಿರುವ ಕ್ರಾಕೆಟ್‌ಗೆ ಹೊಂದುವುದಿಲ್ಲ. ಮೆಕ್ಸಿಕನ್ ಅಧಿಕಾರಿಗಳಿಗೆ ಅವನ ಮುಖ ಗೊತ್ತಿರಲು ಕಾರಣವೂ ಇಲ್ಲ. ಸಾಂಟಾ ಆನಾನ ಕಾರ್ಯದರ್ಶಿ ಕಾರೊ 1837ರಲ್ಲೇ ಐವರು ಸೆರೆಯಾಳುಗಳನ್ನು ಕೊಂದದ್ದನ್ನು ಬರೆದಿದ್ದಾನೆ, ಹೆಸರು ಹೇಳಿಲ್ಲ. ಡಿಕಿನ್ಸನ್ ಹೆಣ ಕಂಡದ್ದು ಚರ್ಚಿಗೂ ಬ್ಯಾರಕ್‌ಗೂ ನಡುವೆ. ಊರಿನ ಮೇಯರ್ ಫ್ರಾನ್ಸಿಸ್ಕೊ ರುಯಿಸ್ ಕಂಡದ್ದು ಪಶ್ಚಿಮದ ಕಡೆ. ನನ್ನ ಮಟ್ಟಿಗೆ, ಸೆರೆ ಸಿಕ್ಕ ಕೆಲವರನ್ನು ಕೊಂದದ್ದು ನಿಜ. ಕ್ರಾಕೆಟ್ ಅವರಲ್ಲಿ ಒಬ್ಬನಾಗಿದ್ದಿರಬಹುದು. ಬಂದೂಕು ತಿರುಗಿಸುತ್ತಾ ಕೊನೆಯವನಾಗಿ ನಿಂತ ಅನ್ನುವುದಕ್ಕಿಂತ ಇದಕ್ಕೆ ತೂಕ ಜಾಸ್ತಿ. ಆ ಬಂದೂಕಿನ ಭಂಗಿಯನ್ನು ಜನರ ಕಣ್ಣಲ್ಲಿ ಗಟ್ಟಿ ಮಾಡಿದ್ದು 1903ರಲ್ಲಿ ಒಂಡರ್‌ಡಾಂಕ್ ಬರೆದ ವರ್ಣಚಿತ್ರ, ಆಮೇಲೆ ಟಿವಿ.

ತಮಾಷೆ ಏನೆಂದರೆ 1836ರಲ್ಲಿ ಈ ಜಗಳವೇ ಇರಲಿಲ್ಲ. ಕ್ರಾಕೆಟ್ ಸೆರೆ ಸಿಕ್ಕ ಮೇಲೆ ಕೊಂದರು ಎಂದು ಆಗಿನ ಅಮೆರಿಕದ ಪತ್ರಿಕೆಗಳೇ ಬರೆದವು. ಅದು ಅವನಿಗೆ ಅವಮಾನ ಅಂತ ಯಾರಿಗೂ ಅನ್ನಿಸಲಿಲ್ಲ, ಸಾಂಟಾ ಆನಾ ಎಂಥ ಕ್ರೂರಿ ಅನ್ನುವುದಕ್ಕೆ ಸಾಕ್ಷಿ ಅನ್ನಿಸಿತು. ಸೆರೆ ಸಿಗುವುದು ಹೇಡಿತನ ಎಂದಾದದ್ದು ನೂರು ವರ್ಷಕ್ಕೂ ಈಚೆಗೆ.

ಅಲಾಮೊದಿಂದ ಜೀವಂತ ಹೊರಬಂದು ಸಾಕ್ಷಿ ಹೇಳಿದವರಲ್ಲಿ ಮುಖ್ಯನಾದವನು ಜೋ. ಕೋಟೆಯ ದಂಡನಾಯಕ ಟ್ರಾವಿಸ್‌ನ ಗುಲಾಮ. ಕ್ರಾಕೆಟ್ ಮತ್ತು ಕೆಲವು ಗೆಳೆಯರ ಹೆಣಗಳ ಸುತ್ತ 24 ಮೆಕ್ಸಿಕನ್ನರು ಸತ್ತು ಬಿದ್ದಿದ್ದರು ಅನ್ನುವುದು ಅವನು ಹೇಳಿದ್ದನ್ನು ಕೇಳಿ ಬರೆದುಕೊಂಡ ಮಾತು. ಸ್ವತಂತ್ರ ಟೆಕ್ಸಾಸ್‌ನ ಮಂತ್ರಿಗಳು ಅವನ ಮಾತು ಕೇಳಿಸಿಕೊಂಡರು, ಆಮೇಲೆ ಟ್ರಾವಿಸ್‌ನ ಆಸ್ತಿಯ ಲೆಕ್ಕಕ್ಕೆ ಅವನನ್ನು ವಾಪಸು ಸೇರಿಸಿದರು. 1837ರ ಏಪ್ರಿಲ್ 21ರಂದು, ಟೆಕ್ಸಾಸ್ ಗೆಲುವಿನ ಮೊದಲ ವಾರ್ಷಿಕೋತ್ಸವದ ದಿನ, ಜೋ ತಪ್ಪಿಸಿಕೊಂಡ. ಹಿಡಿದುಕೊಟ್ಟವರಿಗೆ ಬಹುಮಾನ ಎಂದು ಪತ್ರಿಕೆಯಲ್ಲಿ ಜಾಹೀರಾತು ಬಂತು. ಮೆಕ್ಸಿಕೊ 1829ರಲ್ಲೇ ಗುಲಾಮಗಿರಿಯನ್ನು ರದ್ದು ಮಾಡಿತ್ತು, ಟೆಕ್ಸಾಸ್‌ನ ಬಿಳಿಯರು ಗಲಾಟೆ ಮಾಡಿ ವಿನಾಯ್ತಿ ಪಡೆದಿದ್ದರು. ಟೆಕ್ಸಾಸ್ ದಂಗೆಗೆ ಅದೊಂದೇ ಕಾರಣ ಅಲ್ಲ. ರಾಜ್ಯಗಳ ಅಧಿಕಾರವನ್ನು ಸಾಂಟಾ ಆನಾ ಕಿತ್ತುಕೊಂಡದ್ದೂ ದೊಡ್ಡ ಕಾರಣವೇ. ಆದರೆ ಗುಲಾಮಗಿರಿಯ ಮಾತು ಎತ್ತಿದ ಕೂಡಲೇ ಇವತ್ತಿನ ಟೆಕ್ಸಾಸ್‌ನಲ್ಲಿ ಕಾರ್ಯಕ್ರಮ ರದ್ದಾಗುತ್ತದೆ. ಕ್ರಾಕೆಟ್ ಕೂಡ ಗುಲಾಮರನ್ನು ಇಟ್ಟುಕೊಂಡಿದ್ದ. 1831ರಲ್ಲಿ, ಮೂಲನಿವಾಸಿಗಳ ಪರ ಮತ ಹಾಕಿದ ಮರುವರ್ಷ, ಸಾಲದ ಒತ್ತಡದಲ್ಲಿ ಆಡಲೀನ್ ಎಂಬ ಗುಲಾಮ ಹುಡುಗಿಯನ್ನು ಹೆಂಡತಿಯ ಅಣ್ಣತಮ್ಮಂದಿರಲ್ಲಿ ಒಬ್ಬನಿಗೆ 300 ಡಾಲರ್‌ಗೆ ಮಾರಿದ.

ಅಲಾಮೊದ ಹೊಸ ಮ್ಯೂಸಿಯಂ ಕೆಲಸ ನಡೆಯುತ್ತಿದೆ. ಅಲ್ಲಿ ಟೋಪಿಗೆ, ಬಂದೂಕಿಗೆ ಜಾಗ ಇದ್ದೇ ಇರುತ್ತದೆ. 102–97ರ ಮತಕ್ಕೆ, ಜೋಗೆ, ಆಡಲೀನ್‌ಗೆ ಎಷ್ಟು ಗೋಡೆ ಸಿಗುತ್ತದೆ ಅನ್ನುವುದನ್ನು ಇತಿಹಾಸಕಾರರಿಗಿಂತ ಹೆಚ್ಚಾಗಿ ಆಸ್ಟಿನ್‌ನ ರಾಜಕಾರಣಿಗಳು ತೀರ್ಮಾನಿಸುವಂತೆ ಕಾಣುತ್ತಿದೆ. ಕ್ರಾಕೆಟ್ ಹುಡುಕಿಕೊಂಡು ಹೋದ ಭೂಮಿ ಮಾತ್ರ ಅವನ ಮನೆಯವರಿಗೆ ಸಿಕ್ಕಿತು. 1850ರ ದಶಕದಲ್ಲಿ ಅವನ ವಿಧವೆ ಎಲಿಜಬೆತ್ ಟೆಕ್ಸಾಸ್‌ಗೆ ಬಂದು ಈಗಿನ ಹುಡ್ ಕೌಂಟಿಯಲ್ಲಿ ಬೇಸಾಯ ಮಾಡಿಕೊಂಡು ಇದ್ದಳು. 1860ರಲ್ಲಿ ತೀರಿಕೊಂಡಳು. ಅವಳ ಸಮಾಧಿ ಆಕ್ಟನ್ ಎಂಬ ಊರಿನಲ್ಲಿದೆ, ಡಲ್ಲಾಸ್‌ನಿಂದ ಒಂದೂವರೆ ಗಂಟೆಯ ದಾರಿ.